ಗ್ರೆಂಡೈಝರ್‌ಗೆ ರಾಗ ಕೊಟ್ಟ ಕಿಕುಚಿ

ಸೈಟಿನಲ್ಲೋ ಆಫೀಸಿನಲ್ಲೋ ನಮ್ಮ ಜೊತೆಗಿರುವ ಅರಬರಲ್ಲಿ ನಲವತ್ತೈದು ದಾಟಿದವರ ಎದುರು ಒಮ್ಮೆ ‘ಗ್ರೆಂಡೈಝರ್’ ಎಂದು ಹೇಳಿ ನೋಡಿ. ಎಂಥ ಗಂಟುಮುಖದ ಮ್ಯಾನೇಜರ್ ಆದರೂ ಹಾಡು ಗುನುಗಲು ಶುರು ಮಾಡಿಬಿಡುತ್ತಾರೆ. ಲೆಬನಾನಿನಲ್ಲಿ ಅರಬ್ಬಿಗೆ ಡಬ್ ಆದ ಜಪಾನಿ ಕಾರ್ಟೂನ್ ಅದು. ಅರಬ್ಬಿಯಲ್ಲಿ ಹಾಡಿದವರು ಲೆಬನಾನಿನ ಸಾಮಿ ಕ್ಲಾರ್ಕ್. ರಾಗ ಮಾತ್ರ ಜಪಾನಿನ ಶುನ್‌ಸುಕೆ ಕಿಕುಚಿ ಅವರದು. ಹಾಡು ಎಲ್ಲರಿಗೂ ಗೊತ್ತು, ಈ ಹೆಸರು ಕೇಳಿದವರು ಕಡಿಮೆ.

ಕಿಕುಚಿ ಹುಟ್ಟಿದ್ದು 1931ರಲ್ಲಿ, ಉತ್ತರ ಜಪಾನಿನ ಸೇಬಿನ ಸೀಮೆ ಹಿರೊಸಾಕಿಯಲ್ಲಿ. ನಿಹೊನ್ ವಿಶ್ವವಿದ್ಯಾಲಯದಲ್ಲಿ ಕಲಿತು 1961ರಲ್ಲಿ ಸಿನಿಮಾ ಸಂಗೀತಕ್ಕೆ ಇಳಿದರು. ಆಮೇಲೆ ಬಿಡುವೇ ಇಲ್ಲ. 1969ರಲ್ಲಿ ‘ಟೈಗರ್ ಮಾಸ್ಕ್’, 1971ರಲ್ಲಿ ‘ಕಾಮೆನ್ ರೈಡರ್’, 1975ರಲ್ಲಿ ‘ಗ್ರೆಂಡೈಝರ್’, 1986ರಲ್ಲಿ ‘ಡ್ರಾಗನ್ ಬಾಲ್’. ನಡುವೆ 1978ರಲ್ಲಿ ಶುರುವಾದ ‘ಅಬರೆನ್‌ಬೊ ಶೋಗುನ್’ ಎಂಬ ಕತ್ತಿವರಸೆಯ ಧಾರಾವಾಹಿ ಎಂಟುನೂರಕ್ಕೂ ಹೆಚ್ಚು ಕಂತು ಓಡಿತು. 1972ರ ಒಂದು ಜೈಲಿನ ಚಿತ್ರಕ್ಕೆ ಅವರು ಮಾಡಿದ, ನಟಿ ಮೇಯ್ಕೊ ಕಾಜಿ ಹಾಡಿದ ಸೇಡಿನ ಹಾಡನ್ನು ಹಾಲಿವುಡ್ಡಿನ ಟ್ಯಾರಂಟಿನೊ ಮೂವತ್ತು ವರ್ಷ ಕಳೆದ ಮೇಲೆ ‘ಕಿಲ್ ಬಿಲ್’ಗೆ ಎತ್ತಿಕೊಂಡರು.

ಇಷ್ಟೊಂದು ಕೆಲಸ ಒಬ್ಬರಿಂದ ಹೇಗೆ ಸಾಧ್ಯ? ಆಗಿನ ಟಿವಿ ಪದ್ಧತಿಯೇ ಬೇರೆ. ಪ್ರತಿ ವಾರ ವಾದ್ಯಗಾರರನ್ನು ಕರೆಸುವಷ್ಟು ಸಮಯವೂ ಇಲ್ಲ, ದುಡ್ಡೂ ಇಲ್ಲ. ಭಯಕ್ಕೊಂದು, ಓಟಕ್ಕೊಂದು, ಹೊಡೆದಾಟಕ್ಕೊಂದು, ಅಮ್ಮನ ನೆನಪಿಗೊಂದು ಎಂದು ಹತ್ತಾರು ತುಣುಕುಗಳನ್ನು ಮೊದಲೇ ಬರೆದು ಒಟ್ಟಿಗೆ ರೆಕಾರ್ಡ್ ಮಾಡಿಡುತ್ತಿದ್ದರು. ವಾರವಾರವೂ ಒಬ್ಬರು ಕುಳಿತು ದೃಶ್ಯಕ್ಕೆ ಹೊಂದುವುದನ್ನು ಆರಿಸಿ ಜೋಡಿಸುತ್ತಿದ್ದರು. ಅಂದರೆ ಇನ್ನೂ ತಯಾರಾಗದ ದೃಶ್ಯಕ್ಕೆ ಸಂಗೀತ ಬರೆಯಬೇಕು, ಅದೇ ತುಣುಕು ನೂರು ಸಲ ಬಂದರೂ ನೋಡುವವರಿಗೆ ಬೇಜಾರಾಗಬಾರದು. ನಮಗಂತೂ ಸಿನಿಮಾಕ್ಕಿಂತ ಇದೇ ಕಷ್ಟದ ಕೆಲಸ ಎನಿಸುತ್ತದೆ.

ಇನ್ನೊಂದು ಮಾತು. ಅವರ ವೀರರ ಹಾಡುಗಳಲ್ಲಿ ಕಹಳೆ, ಡ್ರಮ್ಮು ಎಲ್ಲ ಇದ್ದರೂ ಅಡಿಯಲ್ಲಿ ಒಂದು ನೋವು ಹರಿಯುತ್ತಿರುತ್ತದೆ. ‘ಟೈಗರ್ ಮಾಸ್ಕ್’ನಲ್ಲಿ ಕೊನೆಗೆ ಬರುವುದು ಅನಾಥನ ಹಾಡು. ಗ್ರೆಂಡೈಝರ್ ಓಡಿಸುವ ಡ್ಯೂಕ್ ಫ್ಲೀಡ್ ತನ್ನ ಗ್ರಹವನ್ನೇ ಕಳೆದುಕೊಂಡ ರಾಜಕುಮಾರ. ಬೇರೆ ಹೆಸರಿಟ್ಟುಕೊಂಡು, ಯಾರದೋ ಆಸರೆಯಲ್ಲಿದ್ದು, ತನ್ನದಲ್ಲದ ಭೂಮಿಯನ್ನು ಕಾಯುತ್ತಾನೆ. ಅಂತರ್ಯುದ್ಧದ ಲೆಬನಾನಿನಲ್ಲಿ ಬೆಳೆದ ಮಕ್ಕಳಿಗೆ ಅವನು ಯಾಕೆ ಹತ್ತಿರದವನಾದ ಎಂಬುದು ಊರು ಬಿಟ್ಟು ಬಂದ ನಮಗೆ ಅರ್ಥವಾಗದ ಸಂಗತಿಯೇನಲ್ಲ.

ಊರಿನಲ್ಲಿ ನಮ್ಮ ಮಕ್ಕಳು ಹೋಂವರ್ಕ್ ಬದಿಗಿಟ್ಟು ಹಿಂದಿಯಲ್ಲಿ ನೋಡಿದ ‘ಡೊರೆಮಾನ್’ಗೂ ಜಪಾನಿನಲ್ಲಿ 1979ರಿಂದ 2005ರವರೆಗೆ ಸಂಗೀತ ಇವರದೇ. ಅಪ್ಪನ ಸಹೋದ್ಯೋಗಿಯ ಬಾಲ್ಯಕ್ಕೂ ಮಗನ ಬಾಲ್ಯಕ್ಕೂ ಒಬ್ಬರೇ ಸಂಗೀತಗಾರ!

2021ರ ಏಪ್ರಿಲ್ 24ರಂದು ಕಿಕುಚಿ ತೀರಿಕೊಂಡರು. 89 ವರ್ಷ ವಯಸ್ಸಾಗಿತ್ತು. ಮರುವರ್ಷ ರಿಯಾದ್‌ನ ಬುಲವಾರ್ಡ್ ವರ್ಲ್ಡ್‌ನಲ್ಲಿ ಗ್ರೆಂಡೈಝರ್‌ನ 33.7 ಮೀಟರ್ ಎತ್ತರದ ಲೋಹದ ಪ್ರತಿಮೆ ಎದ್ದು ನಿಂತು ಗಿನ್ನೆಸ್ ದಾಖಲೆ ಸೇರಿತು. ಅದನ್ನು ನೋಡಲು ಅವರಿರಲಿಲ್ಲ.