ಕೇಳದೆ ಕೊಟ್ಟ ಕಾಡು
ಈಕ್ವೆಡಾರ್‌ನ ಅಮೆಜಾನ್ ಕಾಡಿನಲ್ಲಿ ಸರಯಾಕು ಎಂಬ ಊರಿದೆ, ಕಿಚ್ವಾ ಜನರದ್ದು. 1996ರಲ್ಲಿ ಸರ್ಕಾರ ಅವರನ್ನು ಒಂದು ಮಾತೂ ಕೇಳದೆ ಅಲ್ಲಿನ ತೈಲವನ್ನು ಕಂಪನಿಗಳಿಗೆ ಗುತ್ತಿಗೆ ಕೊಟ್ಟಿತು. ಎಣ್ಣೆ ಎಲ್ಲಿದೆಯೆಂದು ಪತ್ತೆಹಚ್ಚಲು ಕಾಡಿನ ನೆಲ ತೋಡಿ ಹೂತ ಸ್ಫೋಟಕವೇ ಸುಮಾರು 1,400 ಕಿಲೋ. ಬೇಟೆಗೆ ಹೋಗಲೂ ಜನ ಹೆದರುವಂತಾಯಿತು. ನೆಲದಡಿಯ ಸಂಪತ್ತು ದೇಶದ್ದಲ್ಲವೇ, ಬೆರಳೆಣಿಕೆಯ ಜನರಿಗಾಗಿ ಬಿಟ್ಟುಕೊಡಬೇಕೇ ಎಂದು ಕೇಳುವವರಿದ್ದಾರೆ. ಕೇಳಬೇಕಾದ ಪ್ರಶ್ನೆಯೇ. ಆದರೆ 2012ರಲ್ಲಿ ಅಂತರ-ಅಮೆರಿಕನ್ ಮಾನವ ಹಕ್ಕುಗಳ ನ್ಯಾಯಾಲಯ ಸರ್ಕಾರವನ್ನು ತಪ್ಪಿತಸ್ಥ ಎಂದದ್ದು ತೈಲದ ಒಡೆತನಕ್ಕಲ್ಲ, ಮುಖ್ಯವಾಗಿ ಅಲ್ಲಿಯವರನ್ನು ಮೊದಲೇ ಕೇಳದಿದ್ದಕ್ಕೆ. ಇನ್ನು ದೇಶದ ಹಿತ ಎನ್ನುವುದಾದರೆ, ದೇಶವನ್ನೇ ಕೇಳಿ ಆಗಿದೆ: 2023ರ ಜನಮತಗಣನೆಯಲ್ಲಿ, ಅದೇ ಅಮೆಜಾನಿನ ಯಸುನಿ ಕಾಡಿನ ತೈಲ ನೆಲದಲ್ಲೇ ಇರಲಿ ಎಂದು ಸುಮಾರು ಶೇ. 59 ಮತ ಬಿತ್ತು. ಅಲ್ಲಿ ಈಗಾಗಲೇ ಕೊರೆದಿದ್ದ ಬಾವಿಗಳನ್ನು ಮುಚ್ಚುವ ಕೆಲಸ ಮಾತ್ರ ಆಮೆ ವೇಗದಲ್ಲಿ ಸಾಗಿದೆ.