ಎಚ್ಚರದಲ್ಲಿ ಕಾಣುವ ಕಿಷ್ಕಿಂಧೆ

ಪ್ರಸಂಗ ‘ವಾಲಿವಧೆ’. ಕಣ್ಣಿಗೆ ಕಾಣುವುದು ಇಷ್ಟೇ: ಹಾಸಿದ ಜಮಖಾನ, ಭಾಗವತರು, ಮದ್ದಳೆ, ಚೆಂಡೆ, ಶ್ರುತಿಪೆಟ್ಟಿಗೆ. ಎರಡೂ ಬದಿಯಲ್ಲಿ ಬಿಳಿ ಪಂಚೆ ಉಟ್ಟು, ಶಾಲು ಹೊದ್ದು, ಚಕ್ಕಳಮಕ್ಕಳ ಹಾಕಿ ಕುಳಿತ ಅರ್ಥಧಾರಿಗಳು. ಕಿರೀಟವಿಲ್ಲ, ಬಣ್ಣವಿಲ್ಲ, ಕುಣಿತವಿಲ್ಲ. ಪದ್ಯ ಮುಗಿದು ಮದ್ದಳೆಯ ಮುಕ್ತಾಯ ಬಿದ್ದೊಡನೆ ಒಬ್ಬರು ಎದೆಗೆ ಬಾಣ ನಾಟಿದ ವಾಲಿಯಾಗಿ ಮಾತಿಗೆ ತೊಡಗುತ್ತಾರೆ. ಕುಳಿತವರು ಕುಳಿತೇ ಇರುತ್ತಾರೆ. ಆದರೆ ಸಭೆಗೆ ಸಭೆಯೇ ನೆಲಕ್ಕೆ ಒರಗಿದ ಕಪಿರಾಜನನ್ನು ನೋಡುತ್ತದೆ. ಒಂದಿಡೀ ಊರು ಎಚ್ಚರವಾಗಿ ಕುಳಿತು ಒಂದೇ ಕನಸು ಕಾಣುವ ಈ ಕಲೆಯೇ ತಾಳಮದ್ದಳೆ.

ಯಕ್ಷಗಾನದ ವೇಷ ಕುಣಿತಗಳನ್ನು ತೆಗೆದರೆ ಉಳಿಯುವುದು ತಾಳಮದ್ದಳೆ ಎಂದು ಹೊರಗಿನವರು ತಿಳಿಯುವುದುಂಟು. ನಾನು ಒಪ್ಪುವುದಿಲ್ಲ. ಇದು ಕಡಿಮೆಯಾದ ರಂಗಭೂಮಿಯಲ್ಲ, ಕೇಳುವವರ ತಲೆಯೊಳಗೇ ಕಟ್ಟಿದ ಬೇರೊಂದು ರಂಗಭೂಮಿ. ಅದಕ್ಕೆ ಹಿರಿತನವೂ ಇದೆ. ಬಳ್ಳಾರಿ ಸೀಮೆಯ ಕುರುಗೋಡಿನ 1556ರ ಶಾಸನ ತಾಳಮದ್ದಳೆಯವರಿಗೆ ಭೂಮಿ ಬಿಟ್ಟುಕೊಟ್ಟದ್ದನ್ನು ಹೇಳುತ್ತದೆ. ಇವತ್ತು ಅದರ ನೆಲೆ ಕರಾವಳಿ, ಕಾಸರಗೋಡು, ಮಲೆನಾಡು. ತಿರುಗಾಟ ಮುಗಿಯುವ ಪತ್ತನಾಜೆಯ ದಿನ ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚಿದ ಮೇಲೆ, ಬಯಲಲ್ಲಿ ಆಟ ಸಾಧ್ಯವಿಲ್ಲದ ಮಳೆಗಾಲದಲ್ಲಿ, ಮನೆಯ ಚಾವಡಿ ದೇವಸ್ಥಾನಗಳಲ್ಲಿ ತಾಳಮದ್ದಳೆ ಕೂಟಗಳು ಕಳೆಗಟ್ಟುತ್ತವೆ. ನಾನು ಬೆಳೆದದ್ದು ಅಂಥ ಚಾವಡಿಯಲ್ಲಿ, ಹೊರಗೆ ಹಂಚಿನಿಂದ ನೀರು ಸುರಿಯುತ್ತಿದ್ದಾಗ ಒಳಗೆ ಹಸ್ತಿನಾವತಿಯನ್ನು ನೋಡುತ್ತ.

ಇದು ನಡೆಯುವ ಬಗೆ ಹೀಗೆ. ಕೈಯಲ್ಲಿರುವ ಬರಹ ಪ್ರಸಂಗದ ಪದ್ಯಗಳು ಮಾತ್ರ. ಭಾಗವತರು ಒಂದು ಪದ್ಯ ಹೇಳುತ್ತಾರೆ. ಅದರಲ್ಲಿ ನಾಲ್ಕು ಸಾಲಿನ ಸೂಚನೆ ಇರುತ್ತದೆ. ಆ ನಾಲ್ಕು ಸಾಲನ್ನು ಅರ್ಧ ಗಂಟೆಯ ಮಾತಾಗಿ ಬೆಳೆಸುವುದು ಅರ್ಥಧಾರಿಯ ಕೆಲಸ. ಬಾಯಿಪಾಠದ ಸಂಭಾಷಣೆ ಇಲ್ಲ. ಮೊದಲು ಪೀಠಿಕೆ: ತಾನು ಯಾರು, ಈಗ ಮನಸ್ಸಿನಲ್ಲಿ ಏನಿದೆ ಎಂದು ಪಾತ್ರವೇ ಹೇಳಿಕೊಳ್ಳುತ್ತದೆ. ಆಮೇಲೆ ಸಂವಾದ. ಮರೆಯಲ್ಲಿ ನಿಂತು ಏಕೆ ಬಾಣ ಬಿಟ್ಟೆ ಎಂದು ವಾಲಿ ಯಾವ ದಾರಿಯಲ್ಲಿ ಕೇಳುತ್ತಾನೋ ರಾಮನಿಗೆ ಮೊದಲೇ ಗೊತ್ತಿರುವುದಿಲ್ಲ. ಅಲ್ಲೇ, ಆ ಕ್ಷಣದಲ್ಲೇ ಉತ್ತರ ಹುಟ್ಟಬೇಕು. ವಾದ ಎಲ್ಲಿಗೆ ಹರಿದರೂ ಕತೆ ಮಾತ್ರ ತಪ್ಪುವಂತಿಲ್ಲ. ವಾಲಿ ಸಾಯಲೇಬೇಕು, ಕೃಷ್ಣನ ಸಂಧಾನ ಮುರಿಯಲೇಬೇಕು.

‘ಕೃಷ್ಣಸಂಧಾನ’ದ ಒಂದು ಗಳಿಗೆಯನ್ನು ನೋಡಿ. ಕೃಷ್ಣ ಬಂದಾಗ ಎದ್ದು ನಿಲ್ಲಬಾರದೆಂದು ಕೌರವ ಹಟ ಹಿಡಿದಿದ್ದಾನೆ. ಕೃಷ್ಣ ಕಾಲ ಹೆಬ್ಬೆರಳಿನಿಂದ ನೆಲ ಒತ್ತುತ್ತಾನೆ. ಸಿಂಹಾಸನ ಓರೆಯಾಗಿ ಕೌರವ ಅವನ ಕಾಲ ಬುಡಕ್ಕೇ ಬೀಳುತ್ತಾನೆ. ಕೂಟದಲ್ಲಿ ಯಾರೂ ಬೀಳುವುದಿಲ್ಲ. ಒಳ್ಳೆಯ ಅರ್ಥಧಾರಿ ಅಲ್ಲಿಯವರೆಗೆ ಏರಿಸಿಕೊಂಡು ಬಂದ ದರ್ಪದ ಮಾತನ್ನು ನಡುವಿನಲ್ಲೇ ತುಂಡರಿಸುತ್ತಾನೆ. ಒಂದು ಶಬ್ದ ಅರ್ಧಕ್ಕೇ ನಿಲ್ಲುತ್ತದೆ. ಅಷ್ಟರಲ್ಲಿ ಚೆಂಡೆಗೆ ಒಂದು ಪೆಟ್ಟು. ಸಭೆ ‘ಹೋ’ ಎನ್ನುತ್ತದೆ, ಏಕೆಂದರೆ ಎಲ್ಲರೂ ಆ ಬೀಳುವಿಕೆಯನ್ನು ಕಂಡಿರುತ್ತಾರೆ.

ಕಂಡದ್ದು ಒಂದೇ, ಆದರೆ ಕಂಡ ಜಾಗ ಒಬ್ಬೊಬ್ಬರದು ಒಂದೊಂದು. ನನ್ನ ಕಿಷ್ಕಿಂಧೆಯಲ್ಲಿ ವಾಲಿ ಒರಗಿರುವುದು ನಮ್ಮ ಅಡಕೆ ತೋಟದ ಹಿಂದಿರುವ ಕರಿಬಂಡೆಗೆ; ರಾಮ ಮರೆಯಾಗಿ ನಿಂತ ಮರ ನಮ್ಮದೇ ಹೆಬ್ಬಲಸು. ಶಿರಸಿಯ ಗೆಳೆಯನೊಬ್ಬನ ಕಿಷ್ಕಿಂಧೆಗೆ ಘಟ್ಟದ ಬಿದಿರುಮೆಳೆ ಇದೆ. ವೇಷ ಕಟ್ಟಿ ಬಂದ ವಾಲಿ ಎಲ್ಲರಿಗೂ ಒಂದೇ ಮುಖ ತೋರಿಸುತ್ತಾನೆ. ಕೂಟದ ವಾಲಿಗೆ ಮುಖ ಕೊಡುವವರು ನಾವು. ಎಪ್ಪತ್ತು ದಾಟಿದವರು ಅಭಿಮನ್ಯುವಾಗಬಹುದು, ಮೀಸೆಯ ಗಂಡಸು ದ್ರೌಪದಿಯಾಗಬಹುದು. ಎರಡನೆಯ ವಾಕ್ಯಕ್ಕೆ ವಯಸ್ಸೂ ಮೀಸೆಯೂ ಮರೆತುಹೋಗುತ್ತವೆ. ಈಗ ಮಹಿಳೆಯರ ತಂಡಗಳೂ ಅರ್ಥ ಹೇಳುತ್ತಿವೆ. ಅವರ ಭೀಷ್ಮನೂ ಅಷ್ಟೇ ಗಟ್ಟಿಯಾಗಿ ಕಾಣಿಸುತ್ತಾನೆ.

ಶೇಣಿ ಗೋಪಾಲಕೃಷ್ಣ ಭಟ್ಟರು (1918–2006), ಸಾಮಗ ಸಹೋದರರು, ದೇರಾಜೆ ಸೀತಾರಾಮಯ್ಯ ಮುಂತಾದವರು ಈ ಕಲೆಯನ್ನು ಎತ್ತರಕ್ಕೆ ಒಯ್ದರು. ಶೇಣಿಯವರ ವಾಲಿ, ರಾವಣರನ್ನು ಕೇಳಿದರೆ, ಸೋಲುವವನ ಕಡೆಯಿಂದಲೂ ಲೋಕ ಹೇಗೆ ಕಾಣುತ್ತದೆಂದು ತಿಳಿಯುತ್ತದೆ. ಪ್ರತಿನಾಯಕನ ಮಾತಿಗೆ ಇಷ್ಟು ಜಾಗ ಬಿಟ್ಟುಕೊಟ್ಟ ಕಲೆ ನಮ್ಮಲ್ಲಿ ಇನ್ನೊಂದಿಲ್ಲ ಎಂದೇ ನನ್ನ ನಂಬಿಕೆ.

ಈ ಕನಸು ಒಡೆಯುವುದೂ ಮಾತಿನಿಂದಲೇ. ಅರ್ಥಧಾರಿ ತಾನು ರಾಮನೆಂಬುದನ್ನು ಮರೆತು ಎದುರಿನವನ ಬಾಯಿ ಮುಚ್ಚಿಸಲು ಹೊರಟಾಗ, ಚಪ್ಪಾಳೆಗಾಗಿ ನಿನ್ನೆಯ ಸುದ್ದಿಯನ್ನು ತಂದು ಕಿಷ್ಕಿಂಧೆಯಲ್ಲಿ ಹಾಕಿದಾಗ, ಕಾಡು ಮಾಯವಾಗಿ ಇಬ್ಬರು ವಾದಿಗಳು ಉಳಿಯುತ್ತಾರೆ. ಮೊಬೈಲಿನಲ್ಲಿ ಹರಿದಾಡುವ ಐದು ನಿಮಿಷದ ತುಣುಕುಗಳು ಇಂಥ ಜಗ್ಗಾಟವನ್ನೇ ಆರಿಸಿ ತೋರಿಸುತ್ತವೆ. ಪೀಠಿಕೆಯಿಂದ ಮಂಗಳದವರೆಗೆ ಕುಳಿತು ಕೇಳದವರಿಗೆ ತಲೆಯೊಳಗಿನ ಆ ರಂಗಭೂಮಿಯ ಬಾಗಿಲೇ ತೆರೆಯುವುದಿಲ್ಲ. ಇನ್ನೊಂದು ಕಳವಳವೂ ನನಗಿದೆ. ವಾಲಿ ಸುಗ್ರೀವರು ಯಾರೆಂದು ತಿಳಿಯದೆ ಬಂದ ಹುಡುಗನಿಗೆ ಅರ್ಥಧಾರಿ ಎಷ್ಟೇ ದೊಡ್ಡವನಾದರೂ ಏನನ್ನೂ ಕಾಣಿಸಲಾರ. ಕತೆ ಮನೆಯಲ್ಲೇ ಅವನ ಕಿವಿಗೆ ಬಿದ್ದಿರಬೇಕು.

ಹಾಗಾಗಿ ಹೊಸಬರಿಗೆ ನಾನು ಹೇಳುವುದು: ‘ವಾಲಿವಧೆ’ ಅಥವಾ ‘ಕೃಷ್ಣಸಂಧಾನ’ದಿಂದ ಶುರುಮಾಡಿ. ಎರಡರಲ್ಲೂ ಪಾತ್ರ ಕಡಿಮೆ, ಜಗಳ ನೇರ. ಹಿಂದಿನ ದಿನ ಮನೆಯ ಹಿರಿಯರಿಂದ ಕತೆ ಹೇಳಿಸಿಕೊಳ್ಳಿ. ಮಕ್ಕಳನ್ನೂ ಕರೆದುಕೊಂಡು ಹೋಗಿ, ಮದ್ದಳೆಗಾರರ ಹತ್ತಿರ ಕೂರಿಸಿ. ವಾಲಿಯ ಮೊದಲ ಪದ್ಯಕ್ಕೆ ಮುಂಚೆಯೇ ತಲುಪಿರಿ.