ಸೈಟು ತಗೊಳೋ ಮುಂಚೆ ಹಳ್ಳ ಎಲ್ಲಿದೆ ನೋಡಿ

ಸೈಟು ಚೆನ್ನಾಗೇ ಇತ್ತು. 30–40, ಪೂರ್ವಕ್ಕೆ ಮುಖ, ಮುಂದೆ ಟಾರು ರಸ್ತೆ, ಎರಡು ಸೈಟು ದಾಟಿದರೆ ಒಂದು ಹೊಂಗೆ ಮರ. ನನ್ನ ಆಫೀಸಿಗೆ ಬೈಕಲ್ಲಿ ಇಪ್ಪತ್ತು ನಿಮಿಷ. ಬೆಂಗಳೂರಿನ ಪೂರ್ವ ಭಾಗದಲ್ಲಿ ಇಷ್ಟು ಸಿಕ್ಕರೆ ಇನ್ನೇನು ಬೇಕು? ವಕೀಲರು ಮೂವತ್ತು ವರ್ಷದ ಇ.ಸಿ., ಮೂಲ ಪತ್ರ, ಖಾತೆ ಎಲ್ಲಾ ತಿರುವಿ ಹಾಕಿ ‘ಟೈಟಲ್ ಕ್ಲಿಯರ್’ ಅಂದ್ರು. ಬ್ಯಾಂಕಿನವರು ಸಾಲ ಕೊಡೋಕೆ ತಯಾರಿದ್ರು. ನನ್ನ ಹೆಂಡತಿ ಅಡುಗೆಮನೆ ಕಿಟಕಿ ಆ ಹೊಂಗೆ ಮರದ ಕಡೆಗೇ ಇರಬೇಕು ಅಂತ ತೀರ್ಮಾನ ಮಾಡಿಯೂ ಆಗಿತ್ತು. ಎರಡು ಲಕ್ಷ ಟೋಕನ್ ಅಡ್ವಾನ್ಸ್ ಕೊಟ್ಟು ಬಂದ ದಿನ, ಕಾಗದಗಳ ಫೋಟೋ ತೆಗೆದು ಅಪ್ಪನಿಗೆ ವಾಟ್ಸಾಪ್ ಮಾಡಿದೆ. ಖುಷಿಗೆ ಕಳಿಸಿದ್ದು, ಅಭಿಪ್ರಾಯ ಕೇಳೋಕಲ್ಲ.

ಅಪ್ಪ ಚನ್ನರಾಯಪಟ್ಟಣದ ಹತ್ತಿರ ತೆಂಗು, ರಾಗಿ ಬೆಳೆಯೋ ರೈತ. ರಾತ್ರಿ ಫೋನ್ ಬಂತು.

“ಲೇಔಟ್ ಆಗೋಕೆ ಮುಂಚಿನ ಪಹಣಿ ಒಂದಿದೆಯಲ್ಲ, ಅದರ ಕಾಲಂ ಮೂರು ನೋಡಿದ್ಯೇನೋ?”

“ಇಲ್ಲ ಅಪ್ಪ. ಯಾಕೆ?”

“ಬಿ ಖರಾಬು ಆರು ಗುಂಟೆ ಅಂತಿದೆ. ಹೊಲದ ಮಧ್ಯ ಬಿ ಖರಾಬು ಅಂದ್ರೆ ಒಂದೋ ದಾರಿ, ಇಲ್ಲಾ ಹಳ್ಳ. ಯಾವುದು ಅಂತ ಕೇಳ್ಕೋ.”

ಇಂಜಿನಿಯರಿಂಗ್ ಓದಿದ ನನಗೆ ಈ ಖರಾಬು ಅನ್ನೋ ಪದವೇ ಸರಿಯಾಗಿ ಗೊತ್ತಿರಲಿಲ್ಲ. ಪಹಣಿಯಲ್ಲಿ ಒಟ್ಟು ವಿಸ್ತೀರ್ಣದ ಕೆಳಗೇ ಅದನ್ನ ಬರೆದಿರ್ತಾರೆ. ಎ ಖರಾಬು ಅಂದರೆ ಬಂಡೆಯಂಥ, ಬೇಸಾಯಕ್ಕೆ ಬಾರದ ನೆಲ. ಬಿ ಖರಾಬು ಹಾಗಲ್ಲ. ಅದು ಸಾರ್ವಜನಿಕರ ಉಪಯೋಗಕ್ಕೆ ಬಿಟ್ಟ ಸರ್ಕಾರದ ಜಾಗ. ಬಂಡಿ ದಾರಿ, ಕಾಲುವೆ, ಹಳ್ಳ, ಇಂಥವು. ಸುತ್ತಲಿನ ಹೊಲ ಎಷ್ಟು ಕೈ ಬದಲಾದರೂ ಅದು ಮಾರಾಟಕ್ಕೆ ಬರಲ್ಲ. ಒಂದು ಗುಂಟೆಗೆ 1,089 ಚದರಡಿ. ಆರು ಗುಂಟೆ ಅಂದರೆ 30–40ರ ಐದು ಸೈಟಿಗಿಂತ ಸ್ವಲ್ಪ ಹೆಚ್ಚೇ. ಲೇಔಟಿನ ನಕ್ಷೆಯಲ್ಲಿ ಆ ಆರು ಗುಂಟೆ ಎಲ್ಲೂ ಇರಲಿಲ್ಲ.

ಬ್ರೋಕರ್ ನಕ್ಕುಬಿಟ್ಟ. “ಸಾರ್, ಅದೆಲ್ಲಾ ಬ್ರಿಟಿಷರ ಕಾಲದ್ದು.”

ಭಾನುವಾರ ಸೈಟಿನ ಮಧ್ಯೆ ನಿಂತು ಮೊಬೈಲಲ್ಲಿ ‘ದಿಶಾಂಕ್’ ಆ್ಯಪ್ ತೆರೆದೆ. ನಾವು ನಿಂತ ಜಾಗದ ಸರ್ವೆ ನಂಬರನ್ನ, ಅದರ ಗಡಿಯನ್ನ ಇವತ್ತಿನ ನಕ್ಷೆಯ ಮೇಲೇ ತೋರಿಸೋ ಸರ್ಕಾರಿ ಆ್ಯಪ್ ಅದು. ಕಂದಾಯ ಇಲಾಖೆಯ ಗ್ರಾಮ ನಕ್ಷೆಯನ್ನೂ ಆನ್‌ಲೈನಲ್ಲಿ ಇಳಿಸಿಕೊಂಡಿದ್ದೆ. ಎರಡನ್ನೂ ಹೊಂದಿಸಿ ನೋಡಿದರೆ, ಮೇಲಿನ ಕೆರೆಯಿಂದ ಹೊರಟ ಜೋಡಿ ಗೆರೆಯೊಂದು ನಮ್ಮ ಸರ್ವೆ ನಂಬರಿನೊಳಗೆ ಓರೆಯಾಗಿ ನುಗ್ಗಿ ಕೆಳಗಿನ ಕೆರೆಗೆ ಹೋಗಿತ್ತು. ನಾನು ನಿಂತ ಕಡೆ ನೆಲ ಮಟ್ಟಸ. ಮಣ್ಣು ತುಂಬಿ ರೋಲರ್ ಓಡಿಸಿದ್ದರು.

ಹಳೇ ಊರು ಅಲ್ಲಿಂದ ಅರ್ಧ ಕಿಲೋಮೀಟರ್. ದೇವಸ್ಥಾನದ ಜಗಲಿ ಮೇಲೆ ಕೂತಿದ್ದ ಅಜ್ಜಿಯೊಬ್ಬರನ್ನ ಕೇಳಿದೆ. ಅರ್ಧ ತೆಲುಗು ಬೆರೆತ ಕನ್ನಡದಲ್ಲಿ ಅವರು ಹೇಳಿದ್ದಿಷ್ಟು: “ಅದು ಕೋಡಿ ಹಳ್ಳ ಕಣಪ್ಪ. ಕೆರೆ ತುಂಬಿದ್ರೆ ಮೂರು ದಿನ ದಾಟಕ್ಕೆ ಆಗ್ತಿರಲಿಲ್ಲ. ನಾವು ಬಟ್ಟೆ ಒಗೀತಿದ್ದದ್ದು ಅಲ್ಲೇ.”

ಬೆಂಗಳೂರಿಗೆ ದೊಡ್ಡ ನದಿ ಇಲ್ಲ. ಊರು ಇರೋದು ಸಮುದ್ರ ಮಟ್ಟದಿಂದ ಸುಮಾರು 900 ಮೀಟರ್ ಎತ್ತರದ ದಿಣ್ಣೆ ಮೇಲೆ. ಬಿದ್ದ ಮಳೆ ಮುಖ್ಯವಾಗಿ ಮೂರು ಕಣಿವೆಗಳಲ್ಲಿ ಇಳಿಯುತ್ತೆ. ಹೆಬ್ಬಾಳ ಕಣಿವೆ ಮತ್ತು ಕೋರಮಂಗಲ–ಚಲ್ಲಘಟ್ಟ ಕಣಿವೆಯ ನೀರು ದಕ್ಷಿಣ ಪಿನಾಕಿನಿಗೆ. ವೃಷಭಾವತಿಯ ನೀರು ಅರ್ಕಾವತಿ ಸೇರಿ ಕಾವೇರಿಗೆ. ಹಿಂದಿನವರು ಈ ಇಳಿಜಾರಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಕೆರೆ ಕಟ್ಟಿದ್ರು. ಮೇಲಿನದು ತುಂಬಿದರೆ ಕೋಡಿ ಬಿದ್ದು ಕಾಲುವೆಯಲ್ಲಿ ಮುಂದಿನ ಕೆರೆಗೆ. ತೂಬು ಎತ್ತೋದು, ಯಾರ ಗದ್ದೆಗೆ ಎಷ್ಟು ನೀರು ಅಂತ ನೋಡೋದು ನೀರಗಂಟಿಯ ಕೆಲಸ. ನಮ್ಮೂರಲ್ಲೂ ಇದ್ದದ್ದು ಇದೇ ಏರ್ಪಾಡು, ಅಪ್ಪನ ಕಣ್ಣು ಸೀದಾ ಕಾಲಂ ಮೂರಕ್ಕೆ ಹೋಗಿದ್ದು ಅದಕ್ಕೇ.

ಕೆರೆ ಮುಚ್ಚೋದೇನೂ ಹೊಸದಲ್ಲ. ಮೆಜೆಸ್ಟಿಕ್ ಬಸ್ ನಿಲ್ದಾಣ ಧರ್ಮಾಂಬುಧಿ ಕೆರೆ ಆಗಿತ್ತು, ಕಂಠೀರವ ಕ್ರೀಡಾಂಗಣ ಸಂಪಂಗಿ ಕೆರೆ. ಕೆರೆ ಒಡೆದು ಸೈಟು ಮಾಡಬೇಡಿ ಅಂತ 1980ರ ದಶಕದಲ್ಲೇ ಲಕ್ಷ್ಮಣ ರಾವ್ ಸಮಿತಿ ಸರ್ಕಾರಕ್ಕೆ ಹೇಳಿತ್ತು. ಆದರೆ ಕೆರೆ ಹೋದರೆ ನಾಲ್ಕು ಜನಕ್ಕೆ ಕಾಣುತ್ತೆ, ಎರಡು ಕೆರೆ ನಡುವಿನ ಕಾಲುವೆ ಹೋದರೆ ಯಾರಿಗೂ ಕಾಣಲ್ಲ. 2022ರ ಸೆಪ್ಟೆಂಬರ್‌ನಲ್ಲಿ ಒಂದೇ ರಾತ್ರಿಯ ಮಳೆಗೆ ಹೊರವರ್ತುಲ ರಸ್ತೆಯ ಸುತ್ತಮುತ್ತ ನೀರು ನಿಂತು, ನಮ್ಮಂಥವರು ಟ್ರ್ಯಾಕ್ಟರ್ ಹತ್ತಿ ಆಫೀಸಿಗೆ ಹೋದಾಗ ಕಂಡಿತು. ನಾನೂ ಅವತ್ತು ಟ್ರ್ಯಾಕ್ಟರಲ್ಲಿ ನಿಂತು ಸೆಲ್ಫಿ ತೆಗೆದವನೇ. ನೀರು ಯಾಕೆ ಬಂತು ಅಂತ ಯೋಚನೆ ಮಾಡಿರಲಿಲ್ಲ.

ನಿಯಮ ಇಲ್ಲ ಅಂತೇನಲ್ಲ. 2015ರ ಮಾಸ್ಟರ್ ಪ್ಲಾನ್ ಪ್ರಕಾರ ಕೆರೆ ಸುತ್ತ 30 ಮೀಟರ್, ಪ್ರಾಥಮಿಕ ರಾಜಕಾಲುವೆಗೆ 50, ದ್ವಿತೀಯಕ್ಕೆ 25, ತೃತೀಯಕ್ಕೆ 15 ಮೀಟರ್ ಜಾಗ ಬಿಡಬೇಕು. 2016ರಲ್ಲಿ ಹಸಿರು ನ್ಯಾಯಮಂಡಳಿ ಇದನ್ನ ಹೆಚ್ಚಿಸಿತು, 2019ರಲ್ಲಿ ಸುಪ್ರೀಂ ಕೋರ್ಟ್ ಆ ಹೆಚ್ಚಳ ರದ್ದು ಮಾಡಿತು. 2031ರವರೆಗಿನ ಹೊಸ ಯೋಜನೆಯ ಕರಡು 2017ರಲ್ಲಿ ಬಂತು, 2020ರಲ್ಲಿ ವಾಪಸ್ ಹೋಯ್ತು. 2001ರ ಜನಗಣತಿಯಲ್ಲಿ ಸುಮಾರು 57 ಲಕ್ಷ ಇದ್ದ ನಗರ 2011ಕ್ಕೆ 85 ಲಕ್ಷ ಆಗಿತ್ತು. ಹೀಗೆ ಬೆಳೆಯೋ ಊರಿಗೆ ಅವಧಿ ಮುಗಿದ ನಕ್ಷೆ. ನಮ್ಮ ಆಫೀಸಲ್ಲಿ ಇಷ್ಟು ಹಳೇ ಡಾಕ್ಯುಮೆಂಟ್ ಇಟ್ಕೊಂಡು ಕೋಡ್ ಬರೆದರೆ ಮ್ಯಾನೇಜರ್ ಸುಮ್ನೆ ಬಿಡ್ತಾರಾ?

ಇನ್ನೂ ಒಂದು ಮಾತಿದೆ. ಬಿಬಿಎಂಪಿ ಆಗಿದ್ದು 2007ರಲ್ಲಿ, ಸುತ್ತಲಿನ 110 ಹಳ್ಳಿಗಳೂ ಆಗ ನಗರಕ್ಕೆ ಸೇರಿದವು. ಆ ಹಳ್ಳಿಗಳಿಗೆ ನೀರು ಕೊಡೋಕೆ ಅಂತಲೇ ಮಾಡಿದ ಕಾವೇರಿ ಐದನೇ ಹಂತಕ್ಕೆ ಚಾಲನೆ ಸಿಕ್ಕಿದ್ದು 2024ರ ಅಕ್ಟೋಬರ್‌ನಲ್ಲಿ. ನಡುವಿನ ಹದಿನೇಳು ವರ್ಷ ಮನೆಗಳು ಏಳ್ತಾನೇ ಇದ್ದವು. ಮೊದಲು ಮನೆ, ಆಮೇಲೆ ರಸ್ತೆ, ಆಮೇಲೆ ಚರಂಡಿ, ಕೊನೆಗೆ ನೀರು. ಮನುಷ್ಯ ಮೊದಲು ಚಪ್ಪಲಿ ಹಾಕ್ಕೊಂಡು ಆಮೇಲೆ ಪ್ಯಾಂಟು ತೊಡೋಕೆ ಹೋದ ಹಾಗೆ.

ವಕೀಲರಿಗೆ ಫೋನ್ ಮಾಡಿದೆ. “ನಾನು ಟೈಟಲ್ ನೋಡೋದು, ನೀರು ನೋಡೋದಲ್ಲ” ಅಂದ್ರು. ಅವರ ಮಾತಲ್ಲಿ ತಪ್ಪಿಲ್ಲ. 2016ರ ರಾಜಕಾಲುವೆ ತೆರವಿನಲ್ಲಿ ಮನೆ ಕಳಕೊಂಡವರೂ ಪ್ಲಾನ್ ಮಂಜೂರಾತಿ, ಬ್ಯಾಂಕ್ ಸಾಲದ ಕಾಗದ ಹಿಡಿದೇ ನಿಂತಿದ್ದರು. ಆದ್ದರಿಂದ ನೀವೂ ಸೈಟು ಹುಡುಕುತ್ತಿದ್ದರೆ ಹಳೇ ಪಹಣಿ ತೆಗೆಸಿ ಖರಾಬು ಎಷ್ಟಿದೆ ನೋಡಿ, ಗ್ರಾಮ ನಕ್ಷೆ ನೋಡಿ, ಒಂದು ಜೋರು ಮಳೆಯ ಮಾರನೇ ದಿನ ಹೋಗಿ ಅಕ್ಕಪಕ್ಕದ ಕಾಂಪೌಂಡ್ ಗೋಡೆ ಮೇಲೆ ಕೆಸರಿನ ಗೆರೆ ಇದೆಯಾ ನೋಡಿ. ಹಳೇ ಊರಲ್ಲಿ ವಯಸ್ಸಾದವರನ್ನ ಮಾತಾಡಿಸಿ. ಅದಕ್ಕೆ ಫೀಸೂ ಇಲ್ಲ.

ನಾವು ಬಿಟ್ಟುಬಿಟ್ಟೆವು. ಎರಡು ಲಕ್ಷದಲ್ಲಿ ಒಂದು ಲಕ್ಷ ವಾಪಸ್ ಬಂತು. ಹೆಂಡತಿ ಎರಡು ದಿನ ಸರಿಯಾಗಿ ಮಾತಾಡಲಿಲ್ಲ.

ನನಗೆ ನಿದ್ದೆ ಕೆಡಿಸಿದ್ದು ಪಕ್ಕದ ಮನೆ. ಅದೇ ಸಾಲಲ್ಲಿ ಎರಡು ಮಹಡಿ ಕಟ್ಟಿಕೊಂಡು, ಕಾರ್ಖಾನೆಯಿಂದ ನಿವೃತ್ತರಾದ ಒಬ್ಬರು ಇದ್ದರು. ಜೋಡಿ ಗೆರೆ ಹೋಗಿದ್ದು ಅವರ ಮನೆ ಕೆಳಗೇ. ಹೇಳಬೇಕಾ ಬೇಡ್ವಾ ಅಂತ ವಾರ ಒದ್ದಾಡಿ ಕೊನೆಗೆ ನಕ್ಷೆ ಹಿಡ್ಕೊಂಡು ಹೋದೆ. ಅವರ ಹೆಂಡತಿ ಕಾಫಿ ಕೊಟ್ಟು ಒಳಗೆ ಹೋದರು. ಅವರು ನಕ್ಷೆಯನ್ನ ನೋಡಲೂ ಇಲ್ಲ.

“ಗೊತ್ತು ಸಾರ್. ಮನೆ ಕಟ್ಟಿ ಎರಡು ವರ್ಷ ಆದ್ಮೇಲೆ ಗೊತ್ತಾಯ್ತು. ಪಿಎಫ್ ದುಡ್ಡು ಪೂರ್ತಿ ಇದರಲ್ಲೇ ಇದೆ. ಮಗಳ ಮದುವೆಗೆ ಈ ಮನೆ ಮೇಲೇ ಸಾಲ ತೆಗೀಬೇಕು. ದಯವಿಟ್ಟು ಯಾರಿಗೂ ಹೇಳ್ಬೇಡಿ.”

ಬಡಾವಣೆಯ ಹೆಸರು ಇಲ್ಲಿ ಹಾಕದೇ ಇರೋದು ಅದಕ್ಕೇ. ಹಾಕದೇ ಇರೋದು ಸರಿಯಾ ಅಂತ ಇನ್ನೂ ಗೊತ್ತಿಲ್ಲ.

ಹೋದ ತಿಂಗಳು ಆ ಕಡೆ ಹೋಗಿದ್ದೆ. ನಾವು ಬಿಟ್ಟ ಸೈಟಲ್ಲಿ ಪಾಯ ತೋಡಿದ್ದರು. ಗುಂಡಿ ತುಂಬಾ ನೀರು, ಪಕ್ಕದಲ್ಲಿ ಡೀಸೆಲ್ ಪಂಪು. “ಎರಡು ದಿನದಿಂದ ಹೊಡೀತಿದೀವಿ ಸಾರ್, ಮತ್ತೆ ಮತ್ತೆ ಬರ್ತಾನೇ ಇದೆ” ಅಂದ ಮೇಸ್ತ್ರಿ. ಓನರ್ ನಂಬರ್ ಕೇಳಿದೆ. ಯಾಕೆ ಅಂತ ಕೇಳಿದ. ಹೇಳಿದೆ. ನಂಬರ್ ಕೊಡಲಿಲ್ಲ.